ಸಾರಾಯಿ ಅಂಗಡಿಯ ಕಡೇ ರಾತ್ರಿ

ಲಷ್ಕರ್ ಅಂದ್ರೆ ದಂಡು ಅಂತ ನಮ್ಮ ಮೊಹಲ್ಲಾದಲ್ಲಿ ಎಲ್ರೂ ಹೇಳ್ತಾರೆ. ಸಾರಾಯಿ ಅಂಗಡಿ ಚರಿತ್ರೆ ಮಾತ್ರ ಯಾರೂ ಹೇಳಲ್ಲ. ಹೆಂಗಸ್ರು ಆ ಕಡೆ ತಿರುಗಿ ನೋಡ್ಬಾರದು ಅಂತ ಬೆಳೆದೋರು ನಾವು. ಆದ್ರೂ ಮಹಡಿಗೆ ಕಿಟಕಿ ಅಂತ ಒಂದಿರುತ್ತಲ್ಲ ಅಕ್ಕಾ!

ಹಳೇ ಮೈಸೂರಲ್ಲಿ ಈಚಲ ಹೆಂಡ ಹಿಂದಿನಿಂದ್ಲೂ ಇತ್ತು. ಸ್ವಾತಂತ್ರ್ಯ ಬಂದ್ಮೇಲೆ ಪಾನನಿಷೇಧ ಅಂತಾಯ್ತು, 1967ರಲ್ಲಿ ನಿಜಲಿಂಗಪ್ಪನೋರ ಸರ್ಕಾರ ಅದನ್ನ ತೆಗೀತು. ಆಮೇಲೆ ಹರಾಜು ಹಿಡಿದ ಕಂಟ್ರಾಕ್ಟರುಗಳ ಕಾಲ. ನಾನು ನೋಡಿದ್ದು ಪ್ಲಾಸ್ಟಿಕ್ ಪ್ಯಾಕೆಟ್ ಸಾರಾಯಿ.

ಸಬರ್ಬನ್ ಬಸ್ ಸ್ಟ್ಯಾಂಡ್ ಹತ್ರಾನೇ ಇರೋದ್ರಿಂದ ಆ ಅಂಗಡಿಗೆ ಬರೋರಲ್ಲಿ ಅರ್ಧ ಜನ ಗುರುತಿಲ್ಲದೋರು. ನಂಜನಗೂಡಿನ ಕಡೇ ಬಸ್ಸು ತಪ್ಪಿಸ್ಕೊಂಡೋನು, ಮಾರ್ಕೆಟ್ಟಲ್ಲಿ ಮೂಟೆ ಹೊತ್ತೋನು, ಹೆಂಡ್ತಿ ಸತ್ತು ಮನೇಲಿ ಮಾತಿಗೆ ಯಾರೂ ಇಲ್ಲದೋನು. ಒಂದೇ ಹಲಗೆ ಮೇಲೆ ಕೂತು ಬೇಯಿಸಿದ ಮೊಟ್ಟೆ ಹಂಚ್ಕೋತಿದ್ರು. ಹೆಸರು ಕೇಳ್ತಿರ್ಲಿಲ್ಲ, 'ಯಾವೂರಣ್ಣಾ?' ಅಂತಿದ್ರು. ಗಳಿಗೆ ಕಳೆಯೋದ್ರೊಳಗೆ 'ಭಾವ' ಅಂತ ಹೆಗಲ ಮೇಲೆ ಕೈ. ಇವ್ರಿಗೆ ಬೇಕಾಗಿದ್ದು ಸಾರಾಯೋ ಜೊತೇನೋ ಅಂತ ನಾನು ಎಷ್ಟೋ ಸಲ ಯೋಚಿಸಿದ್ದೀನಿ. ಇತ್ತ ಅದೇ ಹೊತ್ತಿಗೆ ನಮ್ಮ ಪಕ್ಕದ ಮನೆಯಾಕೆ ಅಕ್ಕಿಗೆ ದುಡ್ಡಿಲ್ದೆ ಬಾಗಿಲಲ್ಲಿ ಕಾಯ್ತಿರೋಳು.

2007ರಲ್ಲಿ ಕುಮಾರಸ್ವಾಮಿಯೋರು ಮುಖ್ಯಮಂತ್ರಿ, ಯಡಿಯೂರಪ್ಪನೋರು ಹಣಕಾಸು ಮಂತ್ರಿ. ಜುಲೈ 1ರಿಂದ ಸಾರಾಯಿ ಬಂದ್ ಅಂತಾಯ್ತು. ಜೂನ್ 30 ಶನಿವಾರ, ಬಟವಾಡೆ ದಿನ ಬೇರೆ. ಹಲಗೆ ಸಾಲದೆ ಜನ ಬೀದೀಲೇ ಕೂತಿದ್ರು. ಗಲಾಟೆ ಆಗುತ್ತೆ ಅಂತ ನಾವು ಚಿಲಕ ಹಾಕ್ಕೊಂಡ್ರೆ, ಗಲಾಟೇನೇ ಇಲ್ಲ. ಒಬ್ಬ ಮುದುಕ ಸಿಕ್ಕಿದೋರನ್ನೆಲ್ಲಾ 'ನಾಳೆ ಎಲ್ ಸಿಗ್ತೀಯಪ್ಪಾ?' ಅಂತ ಕೇಳ್ತಿದ್ದ. ಯಾರೂ ಉತ್ತರ ಹೇಳ್ಲಿಲ್ಲ. ಅಂಗಡಿಯೋನು ದೀಪ ಆರಿಸಿದ್ಮೇಲೂ ಅವ್ನು ಮೆಟ್ಲು ಬಿಟ್ಟು ಏಳ್ಲಿಲ್ಲ.

ಬೆಳಿಗ್ಗೆ ನಮ್ಮತ್ತೆ ದೇವ್ರಿಗೆ ತುಪ್ಪದ ದೀಪ ಹಚ್ಚಿದ್ರು. ನಾನೂ ಕೈ ಮುಗಿದೆ. ನಿಷೇಧ ತಪ್ಪು ಅಂತ ಈಗ್ಲೂ ಹೇಳೋಳಲ್ಲ.

ಆದ್ರೆ ಕುಡಿತ ನಿಲ್ತಾ? ವೈನ್ ಸ್ಟೋರಿಗೆ ಹೋಯ್ತು. ಅಲ್ಲಿ ಕೂತು ಕುಡಿಯೋಕೆ ಲೈಸೆನ್ಸಿಲ್ಲ, ಬಾರಲ್ಲಿ ಕೂರೋಕೆ ಕೂಲಿಯೋರಿಗೆ ದುಡ್ಡು ಸಾಲಲ್ಲ. ಹಂಗಾಗಿ ಕಾಂಪೌಂಡ್ ಗೋಡೆ ಮರೇಲಿ ಒಬ್ಬೊಬ್ರೇ ನಿಂತು ಗಟಗಟ ಕುಡಿದು ಹೋಗ್ತಾರೆ. ಪಕ್ಕದ ಮನೆಯಾಕೆ ಹಿಂದೆಲ್ಲಾ ರಾತ್ರಿ ಹತ್ತಕ್ಕೆ ಮಗನ್ನ ಆ ಅಂಗಡಿಗೆ ಕಳಿಸಿ ಗಂಡನ್ನ ಕರೆಸ್ಕೊಳೋಳು, ಜೊತೇಲಿದ್ದೋರೇ ಎಬ್ಬಿಸಿ ಕಳಿಸ್ತಿದ್ರು. ಆಮೇಲಾಮೇಲೆ ಟಾರ್ಚ್ ಹಿಡ್ಕೊಂಡು ಬಸ್ ಸ್ಟ್ಯಾಂಡ್‌ವರೆಗೂ ತಾನೇ ಹುಡುಕ್ಕೊಂಡು ಹೋಗೋಕೆ ಶುರುಮಾಡಿದ್ಲು.