ಬೋಳುಗುಡ್ಡದಲ್ಲಿ ಹುಟ್ಟುವ ಭದ್ರೆ

ಮಳೆಗಾಲ ಬಂತೆಂದರೆ ಮಲೆನಾಡಿನ ವರದಿಗಾರರಾದ ನಾವು ಒಂದು ಸುದ್ದಿಯನ್ನು ತಪ್ಪದೆ ಕಳಿಸುತ್ತೇವೆ: ಕಳಸ–ಹೊರನಾಡು ರಸ್ತೆಯ ಹೆಬ್ಬಾಳೆ ಸೇತುವೆ ಮುಳುಗಡೆ, ಸಂಚಾರ ಸ್ಥಗಿತ. ನಾಲ್ಕು ಸಾಲು, ಒಂದು ಫೋಟೊ. ಆದರೆ ಸೇತುವೆ ಮೇಲೆ ಹರಿಯುವ ಭದ್ರಾ ನದಿಯ ಕಥೆ ನಾಲ್ಕು ಸಾಲಿನದಲ್ಲ.

ಭದ್ರೆಯ ಮೂಲ ಕುದುರೆಮುಖ ರಾಷ್ಟ್ರೀಯ ಉದ್ಯಾನದೊಳಗಿನ ಗಂಗಾಮೂಲ. ತುಂಗೆ ಮತ್ತು ನೇತ್ರಾವತಿ ಕೂಡ ಇದೇ ಬೆಟ್ಟಸಾಲಿನವು. ನೇತ್ರಾವತಿ ಘಟ್ಟ ಇಳಿದು ಅರಬ್ಬಿ ಸಮುದ್ರ ಸೇರಿದರೆ, ಭದ್ರೆ ಕಳಸ, ಬಾಳೆಹೊನ್ನೂರು, ಲಕ್ಕವಳ್ಳಿ, ಭದ್ರಾವತಿ ದಾಟಿ, ಸುಮಾರು 178 ಕಿ.ಮೀ. ಹರಿದು ಕೂಡಲಿಯಲ್ಲಿ ತುಂಗೆಯನ್ನು ಸೇರುತ್ತಾಳೆ.

ಅವಳು ಹುಟ್ಟುವ ಜಾಗ ದಟ್ಟ ಕಾಡಲ್ಲ, ಹುಲ್ಲುಗುಡ್ಡ. ಗುಡ್ಡದ ಮೈಯೆಲ್ಲ ಹುಲ್ಲು, ಕಣಿವೆಯ ಸಂದಿನಲ್ಲಿ ಮಾತ್ರ ಶೋಲಾ ಕಾಡು. ಇಲ್ಲಿ ಸುರಿಯುವ ಭಾರೀ ಮಳೆಯನ್ನು ಈ ಹುಲ್ಲು ಮತ್ತು ಮಣ್ಣು ಹೀರಿಕೊಂಡು ಬೇಸಿಗೆಯವರೆಗೆ ಹನಿಹನಿಯಾಗಿ ಬಿಡುತ್ತವೆ. ಸರ್ಕಾರಿ ಕಡತದ ಕಣ್ಣಿಗೆ ಮಾತ್ರ ಹುಲ್ಲುಗುಡ್ಡವೆಂದರೆ ಬಹುಕಾಲ ಪಾಳುಭೂಮಿಯೇ.

ಹಿಂದಿನವರಿಗೆ ಈ ನದಿ ತೀರ್ಥ. ಕಳಸದ ಸುತ್ತ ಭದ್ರೆಯಲ್ಲಿ ಪಂಚತೀರ್ಥಗಳಿವೆ. ಅವುಗಳಲ್ಲಿ ಅಂಬಾತೀರ್ಥದ ದೊಡ್ಡ ಬಂಡೆಯನ್ನು ಮಧ್ವಾಚಾರ್ಯರು ಒಂದೇ ಕೈಯಲ್ಲಿ ತಂದಿಟ್ಟರೆಂಬ ನಂಬಿಕೆಯಿದ್ದು, ಅದನ್ನು ಹೇಳುವ ಶಾಸನವೂ ಬಂಡೆಯ ಮೇಲಿದೆ.

20ನೇ ಶತಮಾನಕ್ಕೆ ಅದೇ ನದಿ ಕಾರ್ಖಾನೆಯ ನೀರಾಯಿತು. ಬೆಂಕಿಪುರ ಎಂಬ ಊರು ಭದ್ರಾವತಿ ಆಯಿತು. 1923ರಲ್ಲಿ ಅಲ್ಲಿ ಮೈಸೂರು ಸಂಸ್ಥಾನದ ಕಬ್ಬಿಣ ಕಾರ್ಖಾನೆ ಉತ್ಪಾದನೆ ಆರಂಭಿಸಿತು, ಆಮೇಲೆ ಕಾಗದ ಕಾರ್ಖಾನೆ ಬಂತು. ಸ್ವಾತಂತ್ರ್ಯದ ನಂತರ ಲಕ್ಕವಳ್ಳಿಯಲ್ಲಿ 71.5 ಟಿಎಂಸಿ ಸಾಮರ್ಥ್ಯದ ಅಣೆಕಟ್ಟು ಎದ್ದಿತು. ದಾವಣಗೆರೆಯ ಭತ್ತದ ಗದ್ದೆಗಳಿಗೆ ಹೋಗುವ ನಾಲೆಯ ನೀರು ಇದೇ ಹುಲ್ಲುಗುಡ್ಡದ್ದು.

ದೊಡ್ಡ ಪೆಟ್ಟು ಬಿದ್ದದ್ದು ಮೂಲಕ್ಕೇ. ಕುದುರೆಮುಖದಲ್ಲಿ ಕಬ್ಬಿಣದ ಅದಿರಿದೆ ಎಂದು ಭೂವಿಜ್ಞಾನಿ ಸಂಪತ್ ಅಯ್ಯಂಗಾರ್ 1913ರಲ್ಲೇ ಗುರುತಿಸಿದ್ದರು. 1976ರಲ್ಲಿ ಕುದುರೆಮುಖ ಕಬ್ಬಿಣ ಅದಿರು ಕಂಪನಿ ಸ್ಥಾಪನೆಯಾಯಿತು. ಅದಿರು ಕೊಳ್ಳಬೇಕಿದ್ದ ಇರಾನ್ 1979ರ ಕ್ರಾಂತಿಯ ನಂತರ ಹಿಂದೆ ಸರಿಯಿತು, ಗಣಿ ನಿಲ್ಲಲಿಲ್ಲ. ಅದಿರು ಕೊಳವೆಯಲ್ಲಿ ಕೆಸರುನೀರಾಗಿ ಘಟ್ಟ ಇಳಿದು ಮಂಗಳೂರಿನ ಪಣಂಬೂರು ತಲುಪಿತು. ಇದು ಕಡಿಮೆ ದರ್ಜೆಯ ಅದಿರು, ಹಾಗಾಗಿ ಉಳಿಕೆ ಮಣ್ಣೇ ರಾಶಿ. ಅದನ್ನು ತುಂಬಲು ಭದ್ರೆಯ ಉಪನದಿ ಲಕ್ಯಾ ಹೊಳೆಗೆ ಸುಮಾರು 100 ಮೀಟರ್ ಎತ್ತರದ ಅಣೆಕಟ್ಟು ಕಟ್ಟಿದರು. ಬಗೆದ ಗುಡ್ಡದ ಮಣ್ಣು ಮಳೆಗೆ ಕರಗಿ ಭದ್ರೆಗೆ ಇಳಿಯಿತು.

ಗಣಿ ನಿಲ್ಲಿಸಿ ಎಂದು ರೈತರು, ಪರಿಸರ ಹೋರಾಟಗಾರರು ಬೀದಿಗಿಳಿದರು. ಕೆ.ಎಂ. ಚಿನ್ನಪ್ಪ ಅವರ ಹೆಸರಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2002ರ ಅಕ್ಟೋಬರ್ 30ರಂದು ತೀರ್ಪು ಕೊಟ್ಟಿತು. 2005ರ ಕೊನೆಗೆ ಗಣಿ ನಿಂತಿತು. ಹಾಗೆಂದು ನಷ್ಟ ಆಗಲೇ ಇಲ್ಲ ಎನ್ನುವಂತಿಲ್ಲ. ಗಣಿಯನ್ನೇ ನಂಬಿದ್ದ ಕುದುರೆಮುಖ ಪಟ್ಟಣ ಖಾಲಿಯಾಯಿತು, ದಿನಗೂಲಿಯವರು ಬೇರೆ ಊರು ಹಿಡಿದರು.

ಈಗ ಭದ್ರೆ ಮೋಜಿನ ನದಿ. ಮಳೆಗಾಲದಲ್ಲಿ ಬಾಳೆಹೊನ್ನೂರು ಭಾಗದಲ್ಲಿ ರಾಫ್ಟಿಂಗ್ ನಡೆಯುತ್ತದೆ. ಬೇಸಿಗೆಯಲ್ಲಿ ಲಕ್ಕವಳ್ಳಿ ಹಿನ್ನೀರಿನ ನಡುಗಡ್ಡೆಗಳಲ್ಲಿ ಮೊಟ್ಟೆಯಿಡುವ ರಿವರ್ ಟರ್ನ್ ಹಕ್ಕಿಗಳನ್ನು ನೋಡಲು ದೋಣಿಗಳು ಹೋಗುತ್ತವೆ. ಕುದುರೆಮುಖ ಶಿಖರದ ಚಾರಣಕ್ಕೆ ಅರಣ್ಯ ಇಲಾಖೆಯ ಅನುಮತಿ ಬೇಕು, ಜನರ ಸಂಖ್ಯೆಗೂ ಮಿತಿಯಿದೆ. ಹೋಂಸ್ಟೇಗಳು, ಜೀಪುಗಳು ಒಂದಷ್ಟು ಮನೆಗಳ ಒಲೆ ಉರಿಸುತ್ತಿವೆ. ಇದನ್ನು ನಾವು ತಪ್ಪೆನ್ನುವುದಿಲ್ಲ.

ನಮ್ಮ ಪ್ರಶ್ನೆ ಇಷ್ಟೇ. ತೀರ್ಥ, ಕಾರ್ಖಾನೆ, ಗಣಿ, ರೆಸಾರ್ಟ್ ಹೀಗೆ ಪ್ರತಿ ಕಾಲವೂ ನದಿಯಿಂದ ತನಗೆ ಬೇಕಾದದ್ದನ್ನು ತೆಗೆದುಕೊಂಡಿದೆ. ಹುಲ್ಲನ್ನು ಕಾಯುವ ಕೆಲಸ ಯಾರ ಪಾಲಿಗೆ ಬರುತ್ತದೆ? ಗಣಿ ನಿಂತರೂ ಲಕ್ಯಾ ಅಣೆಕಟ್ಟಿನ ಹಿಂದಿನ ಹೂಳು ನದಿಯ ನೆತ್ತಿಯ ಮೇಲೆಯೇ ಇದೆ. ರೀಲ್ಸ್ ಮಾಡಲು ಬರುವವರು ಒಮ್ಮೆ ಅದನ್ನೂ ನೆನಪಿಸಿಕೊಳ್ಳಲಿ. ಬಂಡೆಗಳ ನಡುವಿನ ಮಡುಗಳಿಗೆ ಇಳಿಯುವ ಮುನ್ನ ಊರವರನ್ನು ಒಂದು ಮಾತು ಕೇಳಲಿ.