ಬಿರಾದಾರ, ವೈಜನಾಥ

ಕನ್ನಡ ಚಲನಚಿತ್ರ ನಟ. ಬೀದರ್ ಜಿಲ್ಲೆಯ ಭಾಲ್ಕಿ ತಾಲ್ಲೂಕಿನ ತೇಗಂಪುರದವರು. 1980ರ ದಶಕದಿಂದ ಪೋಷಕ ಪಾತ್ರಗಳಲ್ಲಿ, ಹೆಚ್ಚಾಗಿ ಹಾಸ್ಯದಲ್ಲಿ ದುಡಿದವರು. ‘ಅಜಗಜಾಂತರ’ (1991), ‘ಲಂಚ ಸಾಮ್ರಾಜ್ಯ’ (1994) ಮೊದಲಾದ ಚಿತ್ರಗಳಲ್ಲಿ ನಟಿಸಿದ್ದಾರೆ. ನಾಯಕರಾಗಿ ಅಭಿನಯಿಸಿದ ‘90 ಹೊಡಿ ಮನೀಗ್ ನಡಿ’ (2023) ಅವರ 500ನೆಯ ಚಿತ್ರವೆಂದು ತೆರೆಗೆ ಬಂತು. ಇಷ್ಟು ದೀರ್ಘ ವೃತ್ತಿಯಲ್ಲಿ ಅವರ ಪಾಲಿಗೆ ಮತ್ತೆ ಮತ್ತೆ ಬಂದದ್ದು ಭಿಕ್ಷುಕ, ಕುಡುಕರಂಥ ಪಾತ್ರಗಳು. ಬೀದರಿನಿಂದ ಯಾದಗಿರಿ, ಶಹಾಪುರ, ಸುರಪುರದವರೆಗಿನ ಕಲ್ಯಾಣ ಕರ್ನಾಟಕದ ಆಡುಮಾತನ್ನು ತೆರೆಯ ಮೇಲೆ ನಗೆಗಷ್ಟೇ ಬಳಸುವ ರೂಢಿ ಬಲವಾಗಿದ್ದ ಕಾಲದಲ್ಲಿ, ಆ ಮಾತಿನ ನಟನಿಗೂ ನಗಿಸುವ ಕೆಲಸವೇ ಗಂಟುಬಿತ್ತು. ಅದು ಅವರ ಶಕ್ತಿಯ ಅಳತೆಯಲ್ಲ.

ಇದಕ್ಕೆ ಸಾಕ್ಷಿ ನಿರ್ದೇಶಕ ಗಿರೀಶ ಕಾಸರವಳ್ಳಿಯವರ ‘ಕನಸೆಂಬೋ ಕುದುರೆಯನೇರಿ’ (2010). ರಾಯಚೂರು ಸೀಮೆಯ ಅಮರೇಶ ನುಗಡೋಣಿ ಅವರ ‘ಸವಾರಿ’ ಕಥೆ ಇದರ ಮೂಲ. ಹೆಣ ಹೂಳಲು ಕುಣಿ ತೋಡುವ ಈರ್‍ಯಾನ ಪಾತ್ರ ಬಿರಾದಾರರದು. ಕನಸಿನಲ್ಲಿ ಸಿದ್ಧ ಕಾಣಿಸಿದರೆ ಊರಲ್ಲಿ ಸಾವು ಖಚಿತವೆಂಬುದು ಅವನ ನಂಬಿಕೆ. ಗೌಡ ತೀರಿಕೊಂಡರೂ ಮನೆಯವರು ಸುದ್ದಿ ಮುಚ್ಚಿಡುತ್ತಾರೆ. ಕನಸು ಸುಳ್ಳಾಯಿತೆಂದು ಈರ್‍ಯಾ ಕುಸಿಯುತ್ತಾನೆ. ಕೂಲಿ ತಪ್ಪಿದ ಚಿಂತೆಗಿಂತ ನಂಬಿಕೆ ಮುರಿದ ಸಂಕಟ ದೊಡ್ಡದೆಂಬುದನ್ನು ಬಿರಾದಾರರು ಬಾಗಿದ ಮೈಯಲ್ಲಿ, ತಡವರಿಸುವ ಮಾತಿನಲ್ಲಿ ಕಾಣಿಸುತ್ತಾರೆ. ಈ ಅಭಿನಯಕ್ಕೆ ಸ್ಪೇನಿನ ಮ್ಯಾಡ್ರಿಡ್‌ನ ಇಮ್ಯಾಜಿನ್ ಇಂಡಿಯಾ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಸಂದಿತು.

ಇದು ನಿರ್ದೇಶಕನ ಗೆಲುವೇ ಹೊರತು ನಟನದಲ್ಲ ಎನ್ನಬಹುದು. ಪಾತ್ರ ಕೊಟ್ಟವರು ಕಾಸರವಳ್ಳಿ, ನಿಜ. ಆದರೆ ಆ ನೆಲದ ನಡೆ, ನುಡಿ, ದೈನ್ಯ ಹೊರಗಿನಿಂದ ತುಂಬಿಸಿ ಬರುವಂಥದ್ದಲ್ಲ. ಈರ್‍ಯಾನ ಹೆಂಡತಿ ರುದ್ರಿಯಾದ ಉಮಾಶ್ರೀ ಅವರೂ ಹಾಸ್ಯಪಾತ್ರಗಳಲ್ಲೇ ಹೆಸರಾಗಿ, ‘ಗುಲಾಬಿ ಟಾಕೀಸ್’ (2008) ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಪಡೆದವರು. ಜಪಾನಿನಲ್ಲಿ ಪೋಷಕ ಪಾತ್ರಗಳ ತಕಾಶಿ ಶಿಮುರಾ (1905–1982) ನಿರ್ದೇಶಕ ಕುರೊಸಾವಾ ಅವರ ‘ಇಕಿರು’ (1952) ಚಿತ್ರದ ಕೇಂದ್ರವಾದದ್ದೂ ಹೀಗೆಯೇ. ಸಣ್ಣ ಪಾತ್ರಗಳೇ ಬಿರಾದಾರರಿಗೆ ಅನ್ನ, ಜನಪ್ರೀತಿ ಕೊಟ್ಟವಲ್ಲವೇ ಎಂಬ ಇನ್ನೊಂದು ಮಾತೂ ಸರಿಯೇ. ಬಂದು ಹೋಗುವ ಒಂದೆರಡು ನಿಮಿಷದಲ್ಲೇ ಇಡೀ ಮನುಷ್ಯನನ್ನು ನಿಲ್ಲಿಸುವ ಕಸುಬು ಕಲಿಸಿದ್ದೂ ಅವೇ. ಅಂಥ ಕಸುಬುದಾರನನ್ನು ಒಂದೇ ಅಚ್ಚಿಗೆ ಕಟ್ಟಿಹಾಕಿದ್ದು ಚಿತ್ರೋದ್ಯಮದ ಸೋಲು. ಪೋಷಕ ನಟರ ಚರಿತ್ರೆ ಬರೆಯುವವರು ಚಿತ್ರಗಳ ಸಂಖ್ಯೆಯ ಜೊತೆಗೆ, ಅವರಿಗೆ ಎಂಥ ಪಾತ್ರಗಳು ದಕ್ಕಲಿಲ್ಲ ಎಂಬುದನ್ನೂ ಲೆಕ್ಕಕ್ಕೆ ಹಿಡಿಯಬೇಕು.