ಅಂಚೆ ಶಾಮಯ್ಯ ಮತ್ತು ಒಡೆಯರ ಗುಪ್ತ ಪಕ್ಷ

1749ರ ದೇವನಹಳ್ಳಿ ಕೋಟೆಯ ಮುತ್ತಿಗೆಯಲ್ಲಿ ಹೈದರನ ಸಾಹಸವು ನಂಜರಾಜಯ್ಯನ ಕಣ್ಣಿಗೆ ಬಿದ್ದಿತು. 1761ರ ಹೊತ್ತಿಗೆ ಮೈಸೂರಿನ ಅಧಿಕಾರವೆಲ್ಲ ಅವನ ಕೈಸೇರಿ, ಒಡೆಯರಿಗೆ ಉಳಿದುದು ಹೆಸರಿನ ದೊರೆತನ. ಇದನ್ನು ಆಕ್ರಮಣವೆನ್ನಬಹುದೇ ಎಂಬುದು ಚರ್ಚಾಸ್ಪದ. ಎರಡನೆಯ ಕೃಷ್ಣರಾಜ ಒಡೆಯರ ರಾಣಿ ಲಕ್ಷ್ಮಮ್ಮಣ್ಣಿಯವರಿಗಂತೂ ಆ ಬಗ್ಗೆ ಸಂದೇಹವಿರಲಿಲ್ಲ.

ರಾಣಿಯ ಪರವಾಗಿ ಪ್ರಧಾನ ತಿರುಮಲರಾಯನು 1782ರ ಅಕ್ಟೋಬರ್ 28ರಂದು ತಂಜಾವೂರಿನಲ್ಲಿ ಕಂಪನಿಯ ಜಾನ್ ಸಲಿವನ್ನನೊಡನೆ ಗುಪ್ತ ಒಪ್ಪಂದ ಮಾಡಿಕೊಂಡನು. ಒಡೆಯರ ರಾಜ್ಯವನ್ನು ಮರಳಿ ಕೊಡಿಸುವುದೇ ಅದರ ತಿರುಳು.

ಮರುವರ್ಷದ ಜುಲೈನಲ್ಲಿ ಟಿಪ್ಪು ಮಂಗಳೂರಿನ ಕಡೆ ಇದ್ದಾಗ ಶ್ರೀರಂಗಪಟ್ಟಣದಲ್ಲಿ ಸಂಚೊಂದು ಬಯಲಾಯಿತು. ಆಂಗ್ಲ ಸೆರೆಯಾಳುಗಳನ್ನು ಬಿಡಿಸಿ ಕೋಟೆಯನ್ನು ವಶಪಡಿಸಿಕೊಳ್ಳುವುದು ಸಂಚುಗಾರರ ಉದ್ದೇಶ. ಹಲವರ ತಲೆ ಉರುಳಿತು. ಸಂಶಯವು ಅಂಚೆ ಶಾಮಯ್ಯನನ್ನೂ ಸುತ್ತಿಕೊಂಡು, ಅವನು ಸೆರೆಮನೆ ಸೇರಿದನು. ಚಿಕ್ಕದೇವರಾಜ ಒಡೆಯರ ಕಾಲದಿಂದಲೂ ಮೈಸೂರಿನ ಅಂಚೆಯೆಂದರೆ ಓಲೆ ಸಾಗಿಸುವುದಷ್ಟೇ ಅಲ್ಲ, ನಾಡಿನ ಸುದ್ದಿಯನ್ನು ಗುಟ್ಟಾಗಿ ಅರಮನೆಗೆ ಮುಟ್ಟಿಸುವ ಗೂಢಚಾರ ವ್ಯವಸ್ಥೆಯೂ ಹೌದು. ಪರರ ಗುಟ್ಟನ್ನು ಕಾಯುವ ಅಧಿಕಾರಿಗೇ ಎರಡನೆಯ ಮುಖವೊಂದಿತ್ತೆಂಬುದು ಆರೋಪ. ಸಂಶೋಧಕರು ಇಲ್ಲಿ ಎಚ್ಚರವಹಿಸಬೇಕು: ಈ ಪ್ರಸಂಗವನ್ನು ವಿಸ್ತಾರವಾಗಿ ಬರೆದವನು ಗೆದ್ದ ಪಕ್ಷದ ಮಾರ್ಕ್ ವಿಲ್ಕ್ಸ್. ಶಾಮಯ್ಯನು ಸ್ವಹಸ್ತದಿಂದ ಏನನ್ನಾದರೂ ಬರೆದಿಟ್ಟಿದ್ದರೆ ಅದೇ ಅವನಿಗೆ ಮರಣಪತ್ರವಾಗುತ್ತಿತ್ತಲ್ಲವೆ?

1799ರ ಜೂನ್ 30ರಂದು ಐದು ವರ್ಷದ ಮುಮ್ಮಡಿ ಕೃಷ್ಣರಾಜರಿಗೆ ಪಟ್ಟವಾಯಿತು. ದಿವಾನಗಿರಿ ಮಾತ್ರ ಹೈದರ್, ಟಿಪ್ಪು ಇಬ್ಬರನ್ನೂ ಸೇವಿಸಿದ್ದ ಪೂರ್ಣಯ್ಯನ ಪಾಲಾಯಿತು. ಅಷ್ಟು ವರ್ಷ ಪರಸ್ಥಳದಲ್ಲಿ ಅಲೆದ ತಿರುಮಲರಾಯನಿಗೆ ಅದು ದಕ್ಕಲಿಲ್ಲ.